ಲಗಮಣ್ಣನ ಆಯಿಲ್, ಸಾತವ್ವನ ಭಂಡಾರ

ಮುಧೋಳ ಬಿಟ್ಟು ಜಮಖಂಡಿ ಕಡೆ ಹೊರಟರೆ, ಸಕ್ಕರೆ ಕಾರ್ಖಾನೆಯ ಮುಂದಿನ ಕಬ್ಬಿನ ಗಾಡಿಗಳ ಸಾಲು ಮುಗಿಯುವಲ್ಲಿ ಎಡಕ್ಕೊಂದು ತಗಡಿನ ಶೆಡ್ಡಿತ್ತು. ಶೆಡ್ಡಿನ ಮುಂದೆ ಕಲ್ಲು ಕಟ್ಟಿದ ಗುಂಡಿ. ಮೇಲೆ ಲಾರಿ ನಿಲ್ಲಬೇಕು, ಕೆಳಗೆ ಮನುಷ್ಯ ನಿಂತು ಕೆಲಸ ಮಾಡಬೇಕು. ಬೋರ್ಡಿನ ಮೇಲೆ ‘ಶ್ರೀ ಬೀರೇಶ್ವರ ಆಯಿಲ್’ ಎಂದಷ್ಟೇ ಇತ್ತು. ಅಂಗಡಿ ಲಗಮಣ್ಣನದು. ಬೋರ್ಡಿನ ಮೇಲೆ ನಿನ್ನ ಹೆಸರು ಯಾಕಿಲ್ಲ ಎಂದು ಯಾರಾದರೂ ಕೇಳಿದರೆ, “ಅದನ್ನ ಇನ್ನಾ ತೊಳಿಯೂದೈತ್ರಿ” ಅನ್ನುತ್ತಿದ್ದ. ಕೇಳಿದವರು ನಗುತ್ತಿದ್ದರು, ಅವನು ನಗುತ್ತಿರಲಿಲ್ಲ.

ಇಂಜಿನ್ನಿನ ಆಯಿಲ್ ಬದಲಿಸುವುದು ಕೇಳುವುದಕ್ಕೆ ಏನೂ ಅಲ್ಲದ ಕೆಲಸ. ಆದರೆ ಮೇ ತಿಂಗಳಲ್ಲಿ ನಮ್ಮ ಕಡೆಯ ರಸ್ತೆಗೆ ಬಂದು ನೋಡಬೇಕು. ಡಾಂಬರು ಚಪ್ಪಲಿಗೆ ಹತ್ತುತ್ತದೆ. ತುಂಬಿದ ಲಾರಿ ಏರು ಹತ್ತುವಾಗ ಅದರ ಮೂತಿಯ ಮೇಲೆ ಕೈಯಿಟ್ಟರೆ ಬೊಬ್ಬೆ ಏಳುತ್ತದೆ. ಒಳಗೆ ಕಬ್ಬಿಣಕ್ಕೆ ಕಬ್ಬಿಣ ತಾಗದಂತೆ ಕಾಯುವುದು ಎಣ್ಣೆಯ ಒಂದು ತೆಳು ಪದರ ಮಾತ್ರ. ಎಂಥ ಕಾವಿಗೂ ಆ ಪದರ ಹರಿಯಬಾರದು. ಹರಿದರೆ ಇಂಜಿನ್ನು ಒಮ್ಮೆ ಕಿರುಚಿ ಹಿಡಿದುಕೊಂಡುಬಿಡುತ್ತದೆ. ಅದಕ್ಕೆ ಚಾಲಕರು ಸೀಜ್ ಆಯಿತು ಅನ್ನುತ್ತಾರೆ, ಮಾಲಕರು ಹಣೆ ಬಡಿದುಕೊಳ್ಳುತ್ತಾರೆ.

ಅದೇ ರಸ್ತೆಯಲ್ಲಿ ಸುಟ್ಟ ಆಯಿಲನ್ನೇ ಸೋಸಿ, ಬಣ್ಣ ಬೆರೆಸಿ, ಹೊಸ ಡಬ್ಬಿಗೆ ತುಂಬಿ, ದೇವರ ಫೋಟೋಕ್ಕೆ ಊದಿನಕಡ್ಡಿ ಬೆಳಗಿ ಮಾರುವ ಪುಣ್ಯವಂತರು ಬೇಕಾದಷ್ಟಿದ್ದರು. ಲಗಮಣ್ಣ ಮಾತ್ರ ಡಬ್ಬಿಯ ಮುಚ್ಚಳವನ್ನು ಚಾಲಕನ ಕಣ್ಣೆದುರಿಗೇ ಒಡೆಯುತ್ತಿದ್ದ. ಹೀಗಾಗಿ ತೇರದಾಳ, ಬನಹಟ್ಟಿ ಕಡೆಯ ಲಾರಿಗಳೂ ಅವನನ್ನು ಹುಡುಕಿಕೊಂಡು ಬರುತ್ತಿದ್ದವು. ತಮಾಷೆ ನೋಡಿ, ಇಂಜಿನ್ನನ್ನು ಕಣ್ಣುಮುಚ್ಚಿ ಅವನ ಕೈಗೊಪ್ಪಿಸುವ ಇದೇ ಜನ ಚಹಾದಂಗಡಿಯಲ್ಲಿ ಕುಳಿತಾಗ, “ಲಗಮಣ್ಣ ಡೀಸೆಲ್ ಕದ್ದಾಂವ, ದೇವರ ತೋರಿಸಿಕೊಟ್ಟಾನ” ಎಂದು ದನಿ ತಗ್ಗಿಸಿ ಆಡಿಕೊಳ್ಳುತ್ತಿದ್ದರು. ಆ ತಗ್ಗಿಸಿದ ದನಿಯೇ ಅವನಿಗೆ ಎಲ್ಲಕ್ಕಿಂತ ಗಟ್ಟಿಯಾಗಿ ಕೇಳಿಸುತ್ತಿತ್ತು.

ಅದರ ಕಥೆ ಹೀಗಿದೆ. ಲಗಮಣ್ಣನ ಊರು ಬೀಳಗಿ ತಾಲ್ಲೂಕಿನಲ್ಲಿ ಕೃಷ್ಣೆಯ ದಂಡೆಯ ಮೇಲಿತ್ತು. ಕುರಿ ಕಾಯುವ ಮನೆತನ, ಬೀರಪ್ಪನ ಒಕ್ಕಲು. ಅಪ್ಪ ಬೇಗ ಹೋದ. ತಾಯಿ ಸಾತವ್ವ ಮಗನನ್ನು ಒಬ್ಬಳೇ ಬೆಳೆಸಿದಳು. ಮಗನ ಜೊತೆಗೆ ತನ್ನ ತಮ್ಮನ ಮಗ ಗೂಳಪ್ಪನನ್ನೂ ಬೆಳೆಸಿದಳು. ಗೂಳಪ್ಪನ ಮನೆಯಲ್ಲಿ ಒಲೆ ಹೊತ್ತದ ದಿನಗಳಲ್ಲಿ ಅವನು ಉಂಡದ್ದು ಈ ಅತ್ತೆಯ ಕೈಯ ರೊಟ್ಟಿ. ಇಬ್ಬರೂ ಹುಡುಗರು ಒಂದೇ ಕಂಬಳಿಯಲ್ಲಿ ಮಲಗಿ ದೊಡ್ಡವರಾದರು, ಇಬ್ಬರೂ ಲಾರಿ ಕಲಿತರು, ಇಬ್ಬರೂ ಜಮಖಂಡಿಯ ಧರ್ಮರಾಜ ಸಾವಕಾರರ ಡೀಸೆಲ್ ಟ್ಯಾಂಕರಿಗೆ ಚಾಲಕರಾದರು. ಸಾವಕಾರರಿಗೆ ಜಮಖಂಡಿಯಲ್ಲೂ ಬನಹಟ್ಟಿಯಲ್ಲೂ ಬಂಕುಗಳಿದ್ದವು. ಬೆಳಗಾವಿ ಕಡೆಯ ಡಿಪೋದಲ್ಲಿ ಡೀಸೆಲ್ ತುಂಬಿಸಿಕೊಂಡು ಲೋಕಾಪುರದ ಮೇಲೆ ಮುಧೋಳದವರೆಗೆ ಗೂಳಪ್ಪ ತರುತ್ತಿದ್ದ. ಮುಧೋಳದಿಂದ ಮುಂದಿನ ಬಂಕುಗಳಿಗೆ ಲಗಮಣ್ಣ ಒಯ್ಯುತ್ತಿದ್ದ.

ತೊಂಬತ್ತೊಂಬತ್ತರ ಬೇಸಿಗೆಯಲ್ಲಿ ಬನಹಟ್ಟಿಯ ಬಂಕಿನಲ್ಲಿ ಟ್ಯಾಂಕರಿಗೆ ಅಳತೆ ಕೋಲು ಇಳಿಸಿದಾಗ ಡೀಸೆಲ್ ಕಡಿಮೆ ಬಂತು. ಮುಂದಿನ ಸಲ ಇನ್ನಷ್ಟು ಕಡಿಮೆ ಬಂತು. ನಾನಲ್ಲ ಎಂದು ಲಗಮಣ್ಣ, ನಾನಂತೂ ಅಲ್ಲವೇ ಅಲ್ಲ ಎಂದು ಗೂಳಪ್ಪ. ಧರ್ಮರಾಜ ಸಾವಕಾರರು ಜಗಳಕ್ಕೆ ಬೇಸತ್ತು, “ಇಬ್ಬರೂ ಒಂದ ಗುಡಿಯಾವರು. ಹೋಗಿ ನಿಮ್ಮ ದೇವರ ಮುಂದ ಹರಕೊಂಡ ಬರ್ರಿ. ಯಾರ್ ಖರೆ ಅಂತಾರೋ ಅವನ್ನ ಇಟ್ಟಕೋತೇನಿ” ಎಂದು ಕಳಿಸಿದರು.

ಬೀರಪ್ಪನ ಗುಡಿಯಲ್ಲಿ ಇಂಥದ್ದಕ್ಕೆ ಒಂದು ರೂಢಿ ಇದೆ. ಭಂಡಾರವೆಂದರೆ ದೇವರ ಮೇಲಿನ ಅರಿಸಿನಪುಡಿ. ಅದನ್ನು ಅಂಗೈಯಲ್ಲಿ ಹಿಡಿದು ಇಬ್ಬರೂ ಆಣೆ ಮಾಡಬೇಕು. ಆಮೇಲೆ ಮುಂದಿನ ದೀಪಾವಳಿಯ ಹಟ್ಟಿಹಬ್ಬದವರೆಗೆ ಕಾಯಬೇಕು. ಅಷ್ಟರೊಳಗೆ ಯಾರ ಮನೆಗೆ ಕೇಡು ಬಂತೋ ಅವನ ಆಣೆ ಸುಳ್ಳು. ಲಗಮಣ್ಣ ಭಂಡಾರ ಹಿಡಿದು ಇದ್ದದ್ದನ್ನು ಹೇಳಿದ. ಗೂಳಪ್ಪನೂ ಹಿಡಿದ, ಕಣ್ಣು ಕೂಡ ಮಿಟುಕಿಸದೆ ಹೇಳಿದ. ಪೂಜಾರಿ ಅಮಸಿದ್ದಪ್ಪ ಇಬ್ಬರ ಹಣೆಗೂ ಭಂಡಾರ ಹಚ್ಚಿ ಮನೆಗೆ ಕಳಿಸಿದ.

ಮಳೆಗಾಲದ ನಡುವೆ ಸಾತವ್ವನಿಗೆ ಕಾಮಣಿ, ಅಂದರೆ ಕಾಮಾಲೆಯಾಯಿತು. ಆ ವರ್ಷ ಹೊಳೆದಂಡೆಯ ಊರುಗಳಲ್ಲಿ ಹತ್ತಾರು ಜನರಿಗೆ ಕಾಮಣಿಯಾಗಿತ್ತು. ಕುಡಿಯುವ ನೀರೇ ಕೆಟ್ಟಿತ್ತು. ಉಳಿದವರು ಗುಣವಾದರು, ಸಾತವ್ವ ಆಗಲಿಲ್ಲ. ಕಣ್ಣು, ಉಗುರು, ಮೈ ಎಲ್ಲ ಹಳದಿಯಾಗಿ, ಹಟ್ಟಿಹಬ್ಬ ಇನ್ನೂ ದೂರವಿರುವಾಗಲೇ ತೀರಿಕೊಂಡಳು. ಊರಿಗೆ ಅಷ್ಟೇ ಸಾಕಾಯಿತು.

ಹೆಣವನ್ನು ಹೊರಗೆ ತಂದು ಕೂರಿಸಿದ್ದರು. ಮಣ್ಣಿಗಿಡುವ ಮೊದಲು ಹಣೆತುಂಬ ಭಂಡಾರ ಹಚ್ಚಬೇಕು. ಹುಟ್ಟಿದ ಕೂಸಿಗೆ ಹಚ್ಚುವುದೂ ಅದನ್ನೇ, ಹೋಗುವ ಜೀವಕ್ಕೆ ಹಚ್ಚುವುದೂ ಅದನ್ನೇ. ಅಮಸಿದ್ದಪ್ಪ ಭಂಡಾರದ ಚೀಲ ಬಿಚ್ಚಲಿಲ್ಲ. ಸುಳ್ಳು ಆಣೆಗೆ ಬಲಿಯಾದ ಹೆಣಕ್ಕೆ ಭಂಡಾರ ಹಚ್ಚುವ ಪದ್ಧತಿಯಿಲ್ಲ ಅಂದ. ಲಗಮಣ್ಣ ಅವನ ಕಾಲು ಹಿಡಿದು ಬೇಡಿಕೊಳ್ಳುತ್ತಿರುವಾಗ, ಜನರ ನಡುವೆ ನಿಂತಿದ್ದ ಗೂಳಪ್ಪ ಎಲ್ಲರಿಗೂ ಕೇಳುವಂತೆ ಅಂದ:

“ನಾವೇನ್ ಹಚ್ಚೂದು ಬ್ಯಾಡ್ರೋ. ಬೀರಪ್ಪ ತಾನ ಮೈತುಂಬ ಬಡದು ಕಳಿಸ್ಯಾನ, ನೋಡ್ರಿ.”

ಕೆಲವರು ನಕ್ಕರು. ಆ ಹಳದಿ ಮೈಯ ಕೈಯಿಂದ ರೊಟ್ಟಿ ತಿಂದು ಬೆಳೆದವನ ಬಾಯಿಂದ ಬಂದ ಮಾತದು. ಲಗಮಣ್ಣ ಅಮಸಿದ್ದಪ್ಪನ ಕಾಲು ಬಿಟ್ಟು ಎದ್ದ. ತಾಯಿಯನ್ನು ಹೊಲದ ಬೇವಿನ ಗಿಡದ ಬುಡದಲ್ಲಿ ಬರಿಹಣೆಯಲ್ಲೇ ಮಣ್ಣಿಗಿಟ್ಟ. ಗೂಳಪ್ಪನ ಕೈಯಿಂದಲೇ ಅವ್ವನಿಗೆ ಭಂಡಾರ ಹಾಕಿಸದಿದ್ದರೆ ತಾನು ಸಾತವ್ವನ ಮಗನೇ ಅಲ್ಲ ಎಂದು ಆ ಮಣ್ಣಿನ ಮೇಲೆ ಕೈಯೂರಿ ಹೇಳಿಕೊಂಡ. ಎರಡು ಮಳೆಗಾಲ ಕಳೆಯುವುದರೊಳಗೆ ಆಲಮಟ್ಟಿಯ ಹಿನ್ನೀರು ಏರಿ ಬಂದು ಹೊಲ, ಬೇವು, ಊರು ಎಲ್ಲವನ್ನೂ ನುಂಗಿತು. ಜನ ದಿಬ್ಬದ ಮೇಲಿನ ಹೊಸ ಊರಿಗೆ ಹೋದರು, ಬೀರಪ್ಪನನ್ನೂ ಹೊತ್ತುಕೊಂಡು ಹೋದರು. ಸಾತವ್ವ ಒಬ್ಬಳೇ ನೀರಿನ ಕೆಳಗೆ ಉಳಿದಳು.

ಸಾವಕಾರರ ಕೆಲಸ ಗೂಳಪ್ಪನಿಗೆ ಉಳಿಯಿತು. ಕಳ್ಳನೆಂದು ಹೆಸರಾದವನಿಗೆ ಗಾಡಿ ಕೊಡುವವರಾರು? ಲಗಮಣ್ಣ ಹೆಂಡತಿ ಸಿದ್ದಕ್ಕನನ್ನು ಕರೆದುಕೊಂಡು ಮುಧೋಳಕ್ಕೆ ಬಂದು, ಅವರಿವರ ಗ್ಯಾರೇಜಿನಲ್ಲಿ ಮೈಮುರಿದು ದುಡಿದು, ಕಡೆಗೆ ಈ ಗುಂಡಿ ತೋಡಿಸಿದ. ಆಯಿಲಿನಲ್ಲಿ ಒಂದು ಹನಿಯೂ ಮೋಸ ಮಾಡದೆ ವರ್ಷಗಟ್ಟಲೆ ಬದುಕಿದ. ಅದನ್ನು ಜನ ಅವನ ಸ್ವಭಾವ ಎಂದುಕೊಂಡಿದ್ದರು. ಸ್ವಭಾವವೂ ಇರಬಹುದು, ಹೆಚ್ಚಿನದು ಹಟ. ನನ್ನನ್ನು ಕಳ್ಳ ಅಂದವರು ದಿನಾ ಬಂದು ನನ್ನ ಪ್ರಾಮಾಣಿಕತೆಯನ್ನೇ ಕೇಳಿ ಪಡೆಯಲಿ ಎಂಬ ಹಟ.

ಧರ್ಮರಾಜ ಸಾವಕಾರರ ಟ್ಯಾಂಕರೂ ಅವನಲ್ಲಿಗೇ ಬರತೊಡಗಿತು. ಸಾವಕಾರರು ದೇವರ ತೀರ್ಪನ್ನೂ ನಂಬಿದವರು, ಲಗಮಣ್ಣನ ಆಯಿಲನ್ನೂ ನಂಬಿದವರು. ಎರಡನ್ನೂ ಒಟ್ಟಿಗೆ ನಂಬುವುದು ಅವರಿಗೇನೂ ಕಷ್ಟವಾಗಿರಲಿಲ್ಲ. ಟ್ಯಾಂಕರನ್ನು ತರುತ್ತಿದ್ದವನು ಗೂಳಪ್ಪ. ಗುಂಡಿಯ ಮೇಲೆ ಗಾಡಿ ನಿಲ್ಲಿಸಿ, ಕೆಳಗಿಳಿಯದೆ, ಹಾರ್ನ್ ಬಾರಿಸುತ್ತಿದ್ದ.

“ಲೇ ಲಗಮ್ಯಾ, ಕೈ ಸ್ವಚ್ಛ ಅದಾವೇನಲೇ? ನಮ್ಮದು ಡೀಸೆಲ್ ಗಾಡಿ ಐತಿ, ಕೈ ಹೊಳ್ಳಿಸಿ ತೋರಿಸಿ ಬಾ.”

ಲಗಮಣ್ಣ ಗುಂಡಿಗಿಳಿದು ಸುಟ್ಟ ಆಯಿಲ್ ಹರಿಯಬಿಟ್ಟು, ಅದನ್ನು ಎರಡು ಬೆರಳ ನಡುವೆ ಉಜ್ಜಿ, ಮೂಸಿ ನೋಡಿ, ಹೊಸದನ್ನು ಹಾಕುತ್ತಿದ್ದ. ಎರಡು ಮಾರು ಮೇಲೆ ಸೀಟಿನಲ್ಲಿ ಕುಳಿತವನ ಗಂಟಲು ಹಿಸುಕಬೇಕೆಂದು ಕೈ ತುರಿಸುತ್ತಿದ್ದರೂ ಅವನ ಇಂಜಿನ್ನಿಗೆ ಒಳ್ಳೆಯ ಆಯಿಲನ್ನೇ ಹಾಕುತ್ತಿದ್ದ. ಸಿದ್ದಕ್ಕ ಶೆಡ್ಡಿನೊಳಗೆ ಹಲ್ಲು ಕಡಿಯುತ್ತಿದ್ದಳು.

ಹೀಗಿರುವಾಗ ಟ್ಯಾಂಕರುಗಳಿಗೆ ಜಿಪಿಎಸ್ ಡಬ್ಬಿ ಬಂತು. ಅಂಗೈಯಗಲದ ಕರಿ ಡಬ್ಬಿ. ಚಾಲಕನ ಸೀಟಿನ ಹಿಂದೆ ಕೂರಿಸಿ ಬ್ಯಾಟರಿಗೆ ವಾಯರು ಕೊಟ್ಟರೆ ಗಾಡಿ ಎಲ್ಲಿದೆ, ಎಲ್ಲಿ ನಿಂತಿತು ಎಂಬುದೆಲ್ಲ ಜಮಖಂಡಿಯ ಬಂಕಿನ ಕೋಣೆಯಲ್ಲಿದ್ದ ಕಂಪ್ಯೂಟರಿನ ಮೇಲೆ ಕಾಣುತ್ತಿತ್ತು. ಸಾವಕಾರರು ಬಂದವರನ್ನೆಲ್ಲ ಕರೆದು ಕೂರಿಸಿ ತೋರಿಸುತ್ತಿದ್ದರು. ಕಳ್ಳತನದ ಕಾಲ ಮುಗಿಯಿತು ಅನ್ನುತ್ತಿದ್ದರು. ಲಗಮಣ್ಣನೂ ಹಾಗೇ ಎಂದುಕೊಂಡ. ಗೂಳಪ್ಪನ ಬಾಯಿಗೆ ಮಣ್ಣು ಬಿತ್ತು ಎಂದು ಆ ದಿನ ಹೊಟ್ಟೆತುಂಬ ಉಂಡ.

ಆದರೆ ಗುಂಡಿಯಲ್ಲಿ ನಿಂತವನಿಗೆ ಕಾಣುವುದು ಗಾಡಿಯ ಹೊಟ್ಟೆ. ಡಿಪೋದಿಂದ ಬಂಕಿನವರೆಗೆ ಪೂರಾ ಡಾಂಬರು ರಸ್ತೆ. ಆದರೂ ಟ್ಯಾಂಕರಿನ ಹೊಟ್ಟೆಗೆ ಹಿಟ್ಟಿನಂಥ ಬಿಳಿ ಧೂಳು ಹತ್ತಿರುತ್ತಿತ್ತು. ಆ ಬಿಳಿ ಧೂಳು ಇರುವುದು ಲೋಕಾಪುರ ದಾಟಿದ ಮೇಲೆ ಗುಡ್ಡದ ಆಚೆಗಿನ ಹಾಳುಬಿದ್ದ ಸುಣ್ಣಕಲ್ಲಿನ ಗಣಿಯಲ್ಲಿ. ಅಲ್ಲಿಗೆ ಹೋಗುವ ದಾರಿ ಕಡಿದಾದ ಏರು. ಇನ್ನೊಂದು ದಿನ ಗೂಳಪ್ಪನ ಅಳಿಯ ಹಾಲೇಶ ತನ್ನ ಮೋಟರ್‌ಸೈಕಲ್ಲಿಗೆ ಆಯಿಲ್ ಹಾಕಿಸಲು ಬಂದ. ಅವನ ಸೀಟಿನ ಕೆಳಗೆ, ಬ್ಯಾಟರಿಯಿಂದ ಹೊರಟ ಒಂದು ವಾಯರು ಸುಮ್ಮನೆ ತೂಗುತ್ತಿತ್ತು. ಅದರ ತುದಿಯ ಪ್ಲಗ್ಗು ಟ್ಯಾಂಕರಿನ ಕರಿ ಡಬ್ಬಿಯ ಪ್ಲಗ್ಗಿನದೇ ಜೋಡಿ.

ಒಂದೆರಡು ಸಲ ಬಸ್ಸಿನಲ್ಲಿ ಹಿಂಬಾಲಿಸಿ ನೋಡಿದ ಮೇಲೆ ಲಗಮಣ್ಣನಿಗೆ ಪೂರ್ತಿ ಆಟ ತಿಳಿಯಿತು. ಲೋಕಾಪುರ ದಾಟಿದ ಮೇಲೆ ಮಾವ ಡಬ್ಬಿ ಬಿಚ್ಚಿ ಅಳಿಯನ ಕೈಗೆ ಕೊಡುತ್ತಾನೆ. ಅಳಿಯ ಅದನ್ನು ಮೋಟರ್‌ಸೈಕಲ್ಲಿಗೆ ಸಿಕ್ಕಿಸಿಕೊಂಡು ಲಾರಿಯ ವೇಗದಲ್ಲಿ ನೆಟ್ಟಗೆ ಜಮಖಂಡಿ ರಸ್ತೆ ಹಿಡಿಯುತ್ತಾನೆ. ಮಾವ ಗಣಿಯಲ್ಲಿ ಡೀಸೆಲ್ ಇಳಿಸಿ, ಅಷ್ಟೇ ಸೀಮೆಎಣ್ಣೆ ತುಂಬಿ, ಜೋರಾಗಿ ಓಡಿಸಿಕೊಂಡು ಬಂದು ಜಮಖಂಡಿಯ ಹೊರಗಿನ ಹುಣಸೆಮರದ ಕೆಳಗೆ ಡಬ್ಬಿಯನ್ನು ವಾಪಸು ಕೂರಿಸಿಕೊಳ್ಳುತ್ತಾನೆ. ಅಳತೆ ಕೋಲಿಗೂ ಸರಿ, ಕಂಪ್ಯೂಟರಿಗೂ ಸರಿ.

ಅವನು ಸಾವಕಾರರ ಬಂಕಿಗೆ ಹೋಗಿ ಹೇಳಿದ. ಸಾವಕಾರರು ಕಂಪ್ಯೂಟರನ್ನು ಅವನ ಕಡೆ ತಿರುಗಿಸಿ, ರಸ್ತೆಯ ಮೇಲೆ ಸರಿಯುತ್ತಿದ್ದ ಕೆಂಪು ಚುಕ್ಕಿಯನ್ನು ತೋರಿಸಿದರು.

“ನೋಡಪಾ, ಗಾಡಿ ಎಲ್ಲೈತಿ? ರಸ್ತಿ ಮ್ಯಾಲ ಐತಿ. ಅಷ್ಟ ವರ್ಷ ಆತು, ನಿನ್ನ ಸಿಟ್ಟ ಇನ್ನಾ ಆರಿಲ್ಲೇನು? ಅಂವ ಏನೂ ತಪ್ಪ ಮಾಡಿದ್ರ ನಿಮ್ಮ ಬೀರಪ್ಪ ಆವತ್ತ ಬಿಡತಿದ್ನೇನು?”

ಲಗಮಣ್ಣ ಮುಧೋಳದ ಬಸ್ಸು ಹತ್ತಿದ. ದೇವರ ಹೆಸರಿನಲ್ಲಿ ಒಮ್ಮೆ ಗೆದ್ದವನು ಈಗ ಡಬ್ಬಿಯ ಹೆಸರಿನಲ್ಲಿಯೂ ಗೆಲ್ಲುತ್ತಿದ್ದ.

ಮುಂದಿನ ಮೇ ತಿಂಗಳು. ಗಾಳಿ ಒಲೆಯ ಬಾಯಿಂದ ಬಂದ ಹಾಗಿತ್ತು. ಬೆಳಿಗ್ಗೆ ಗೂಳಪ್ಪ ಖಾಲಿ ಟ್ಯಾಂಕರ್ ತಂದು ಗುಂಡಿಯ ಮೇಲೆ ನಿಲ್ಲಿಸಿದ, ಡಿಪೋಕ್ಕೆ ಹೊರಟಿದ್ದ. ಎಂದಿನಂತೆ ಹಾರ್ನ್ ಬಾರಿಸಿ, ಅಂದು ಮಾತ್ರ ಕೆಳಗಿಳಿದು ಚಹಾ ಕುಡಿಯಲು ರಸ್ತೆ ದಾಟಿ ಹೋದ. ಲಗಮಣ್ಣ ಆ ದಿನ ಹೊಸ ಡಬ್ಬಿಯ ಮುಚ್ಚಳ ಒಡೆಯಲಿಲ್ಲ. ಶೆಡ್ಡಿನ ಮೂಲೆಯಿಂದ ಒಂದು ಕ್ಯಾನು ತಂದ. ಬೇರೆ ಲಾರಿಗಳಿಂದ ಇಳಿಸಿದ ಸುಟ್ಟ ಆಯಿಲು, ಅದಕ್ಕೆ ಬೆರೆಸಿದ ತೆಳು ಎಣ್ಣೆ. ಅದನ್ನು ಅವನು ತಾನೇ ಮಾಡಿ, ಎಷ್ಟೋ ದಿನದಿಂದ ಮುಚ್ಚಿಟ್ಟಿದ್ದ. ಬಾಗಿಲಲ್ಲಿ ನಿಂತಿದ್ದ ಸಿದ್ದಕ್ಕನಿಗೆ ನೋಡಿದ ಕೂಡಲೇ ತಿಳಿಯಿತು.

“ಬ್ಯಾಡ್ರಿ. ಡೀಸೆಲ್ ತುಂಬೂ ಗಾಡಿ ಅದು. ಏನರ ಆತಂದ್ರ?”

“ಏನ್ ಆಕ್ಕೈತಿ? ಇಂಜಿನ್ ಹಿಡಕೊಂಡ ನಿಂದರತೈತಿ, ಅಷ್ಟ. ನೆಟ್ಟಗ ಡಾಂಬರ್ ರಸ್ತಿ ಹಿಡದ ಬಂದ್ನಂದ್ರ ಈ ಎಣ್ಣಿ ಅವನ್ನ ಬಂಕ್ ಮುಟ್ಟಸತೈತಿ. ತುಂಬಿದ ಗಾಡಿ ತುಗೊಂಡ ಗಣಿ ಏರಿಗೆ ಹೊಳ್ಳಿದ್ನಂದ್ರ ಮುಟ್ಟಸೂದಿಲ್ಲ. ಹೊಳ್ಳೂದು ಬಿಡೂದು ಅವನ ಕೈಯಾಗ ಐತಿ, ನನ್ನ ಕೈಯಾಗ ಇಲ್ಲ.”

ಹಾಗೆ ಅವನು ಹೇಳಿದ. ಆದರೆ ಗಣಿಯ ಕಡೆ ತಿರುಗಲಿ, ಹೊಳ್ಳಿಯೇ ಹೊಳ್ಳಲಿ ಎಂದು ಮನಸ್ಸಿನಲ್ಲಿ ದೇವರಿಗೆ ಹರಕೆ ಹೊರುವಷ್ಟು ಆಸೆ ಅವನಿಗಿತ್ತು. ನ್ಯಾಯದ ಮಾತೆಲ್ಲ ಮೇಲಿನದು, ಕೆಳಗಿದ್ದದ್ದು ಸೇಡು. ಸಿದ್ದಕ್ಕ ಇನ್ನೇನೋ ಹೇಳಲು ಬಾಯಿ ತೆರೆದಳು. ಅತ್ತೆಯ ಬರಿಹಣೆ ನೆನಪಾಗಿರಬೇಕು, ಸುಮ್ಮನೆ ಒಳಗೆ ಹೋದಳು. ಲಗಮಣ್ಣ ಕ್ಯಾನನ್ನು ಪೂರ್ತಿ ಬಗ್ಗಿಸಿದ.

ಮಧ್ಯಾಹ್ನ ಹೊರಳಿದ ಮೇಲೆ ಹಾಲೇಶ ಮೋಟರ್‌ಸೈಕಲ್ ಮೇಲೆ ಲಾರಿಯ ನಡಿಗೆಯಲ್ಲಿ ನಿಧಾನವಾಗಿ ಶೆಡ್ಡಿನ ಮುಂದೆ ಹಾದುಹೋದ. ಸೀಟಿನ ಪಕ್ಕಕ್ಕೆ ಕಟ್ಟಿದ ಚೀಲದಿಂದ ವಾಯರು ಇಣುಕುತ್ತಿತ್ತು. ಲಗಮಣ್ಣ ಕೈ ಒರೆಸಿಕೊಂಡು, ಹಿಂದಿನಿಂದ ಬಂದ ಜಮಖಂಡಿ ಬಸ್ಸಿಗೆ ಕೈಮಾಡಿ ಹತ್ತಿದ. ಹುಣಸೆಮರದ ಕೆಳಗೆ ಹಾಲೇಶ ನಿಂತು ಹಿಂದಕ್ಕೆ ನೋಡುತ್ತಿರುವುದು ಬಸ್ಸಿನ ಕಿಟಕಿಯಿಂದ ಕಂಡಿತು. ಬಂಕಿನ ಎದುರಿಗಿನ ಚಹಾದಂಗಡಿಯಲ್ಲಿ ಇಳಿದು, ಚಹಾ ಹೇಳಿ, ಕಾಯುತ್ತ ಕುಳಿತ.

ಟ್ಯಾಂಕರ್ ಬರಲಿಲ್ಲ. ಗಣಿಯ ಕಡೆ ಫೋನು ಹತ್ತುವುದಿಲ್ಲ. ಮರದ ಕೆಳಗೆ ಹಾಲೇಶ ಲೆಕ್ಕ ಹಾಕತೊಡಗಿರಬೇಕು. ಡಬ್ಬಿ ಒಂದೇ ಕಡೆ ಬಹಳ ಹೊತ್ತು ನಿಂತರೆ ಸಾವಕಾರರು ಕೇಳುತ್ತಾರೆ. ಮುಂದೆ ಹೋಗಲು ಮಾವನ ಅಪ್ಪಣೆಯಿಲ್ಲ. ಮಾವ ಬೇರೆ ದಾರಿಯಿಂದ ಬಂಕಿಗೇ ಬಂದಿರಬಹುದು ಎಂದುಕೊಂಡು ಆ ಪುಣ್ಯಾತ್ಮ ಡಬ್ಬಿಯ ಸಮೇತ ನೆಟ್ಟಗೆ ಬಂಕಿನೊಳಗೇ ಬಂದ!

ಕೋಣೆಯೊಳಗೆ ಸಾವಕಾರರು ಕಂಪ್ಯೂಟರ್ ನೋಡಿ ಆಳುಗಳನ್ನು ಕೂಗಿದರು: “ಗಾಡಿ ಬಂತು, ಪೈಪ್ ತುಗೊಂಡ ಬರ್ರಿ.” ಆಳುಗಳು ಪೈಪು ಹೊತ್ತು ಓಡಿ ಬಂದು ನಿಂತರು. ಬಂಕಿನ ಅಂಗಳದಲ್ಲಿ ಟ್ಯಾಂಕರಿಲ್ಲ. ಸಾವಕಾರರು ಕಿಟಕಿಯಿಂದ ಹೊರಗೆ ನೋಡಿದರು, ಒಳಗೆ ಕೆಂಪು ಚುಕ್ಕಿ ನೋಡಿದರು, ಕಣ್ಣಡಕ ಒರೆಸಿ ಮತ್ತೆ ಹೊರಗೆ ನೋಡಿದರು. ಗಾಡಿ ನಿಲ್ಲಬೇಕಾದ ಜಾಗದಲ್ಲಿ ಮೋಟರ್‌ಸೈಕಲ್ ಮೇಲೆ ಹಾಲೇಶ ಬೆವರುತ್ತ ಕುಳಿತಿದ್ದ. ಚಹಾದಂಗಡಿಯಲ್ಲಿ ಲಗಮಣ್ಣ ಕಪ್ಪು ಕೆಳಗಿಟ್ಟು ನಕ್ಕ. ಅಷ್ಟು ವರ್ಷಗಳಲ್ಲಿ ಅವನು ಅಷ್ಟು ಗಟ್ಟಿಯಾಗಿ ನಕ್ಕದ್ದು ಅದೇ ಮೊದಲು.

ಹಾಲೇಶನ ಕಪಾಳಕ್ಕೆ ಒಂದು ಬಿದ್ದದ್ದೇ ತಡ, ಎಲ್ಲ ಹೇಳಿದ. ಸಾವಕಾರರು ಜೀಪಿನಲ್ಲಿ ಗಣಿಗೆ ಹೋದಾಗ ಟ್ಯಾಂಕರ್ ಏರಿನ ನಡುವೆ ಸತ್ತು ನಿಂತಿತ್ತು. ಆಚೆ ಗಣಿಯಲ್ಲಿ ಸೀಮೆಎಣ್ಣೆಯ ಬ್ಯಾರಲ್ಲುಗಳು, ಇಲ್ಲಿ ಗಾಲಿಗೆ ಕಲ್ಲು ಒಡ್ಡಿ ತಲೆಯ ಮೇಲೆ ಕೈಹೊತ್ತು ಕುಳಿತ ಗೂಳಪ್ಪ. ಕೆಲಸ ಹೋಯಿತು, ಪೊಲೀಸ್ ಕೇಸಾಯಿತು.

ಇಷ್ಟಕ್ಕೆ ಮುಗಿಯಬೇಕಿತ್ತು ಅನ್ನುತ್ತೀರಿ. ಊರಿನ ನಾಲಿಗೆ ನಿಮಗೆ ಗೊತ್ತಿಲ್ಲ. “ಈಗ ಕದ್ದಾನ, ಖರೆ. ಆವಾಗಿಂದು ಬ್ಯಾರೆ ಮಾತು. ಆವಾಗ ದೇವರ ತೋರಿಸಿದ್ದು ಸುಳ್ಳಾದೀತೇನು?” ಎಂದಿತು ಊರು. ಜಾಮೀನಿನ ಮೇಲೆ ಹೊರಗೆ ಬಂದ ಗೂಳಪ್ಪ ಅಷ್ಟರಲ್ಲಿ ಆಯಿಲಿನ ವಿಷಯ ಊಹಿಸಿದ್ದ. ಮಿಸ್ತ್ರಿ ಇಂಜಿನ್ ಬಿಚ್ಚಿದಾಗ ಒಳಗೆ ಮಸಿಯಂಥ ನೀರು ಸಿಕ್ಕಿತ್ತು. ಅವನು ಹೊಸ ಊರಿನ ಬೀರಪ್ಪನ ಗುಡಿಯಲ್ಲಿ ಹಿರಿಯರನ್ನು ಸೇರಿಸಿ ಲಗಮಣ್ಣನಿಗೆ ಹೇಳಿಕಳಿಸಿದ.

ಸೋಮವಾರ ಬೆಳಿಗ್ಗೆ ಗುಡಿಯ ಕಟ್ಟೆ ತುಂಬಿತ್ತು. ಒಂದು ಬದಿಗೆ ಗಂಡಸರು. ಇನ್ನೊಂದು ಬದಿಗೆ ಹೆಂಗಸರ ನಡುವೆ ಗೂಳಪ್ಪನ ಮಗಳು ಶೈಲಾ, ಹಾಲೇಶನ ಹೆಂಡತಿ, ತುಂಬಿದ ಬಸುರಿ. ಅಮಸಿದ್ದಪ್ಪ ಮುದುಕನಾಗಿದ್ದ, ಭಂಡಾರದ ಚೀಲ ಮಾತ್ರ ಅದೇ.

ಗೂಳಪ್ಪ ಎದ್ದು ನಿಂತು ಅಂದ: “ನಾ ಕದ್ದೇನ್ರಿ, ಸಿಕ್ಕೊಂಡೇನಿ, ಅನುಭೋಗಸ್ತೇನಿ. ಆದ್ರ ಈ ಲಗಮ್ಯಾ ಆಯಿಲ್ನ್ಯಾಗ ಮೋಸ ಮಾಡಿ ಇಂಜಿನ್ ಕೊಂದಾನ. ಮಾಡಿಲ್ಲಂದ್ರ ಭಂಡಾರ ಹಿಡದ ಹೇಳ್ಲಿ.”

ಲೆಕ್ಕ ಹಾಕಿಯೇ ಒಡ್ಡಿದ ಬಲೆ ಅದು. ಇಲ್ಲ ಎಂದು ಆಣೆ ಮಾಡಿದರೆ ಲಗಮಣ್ಣ ಈ ಸಲ ನಿಜವಾಗಿಯೂ ಸುಳ್ಳು ಆಣೆ ಮಾಡಿದವನಾಗುತ್ತಾನೆ. ಹೌದು ಎಂದರೆ ಮೋಸಗಾರನಾಗುತ್ತಾನೆ, ಅನ್ನ ಕೊಡುವ ಅಂಗಡಿ ಮುಚ್ಚುತ್ತದೆ. ಇಲ್ಲ ಅನ್ನುತ್ತಾನೆ ಎಂದೇ ಎಲ್ಲರೂ ತಿಳಿದಿದ್ದರು. ಯಾವ ಮನುಷ್ಯ ತನ್ನ ಹೊಟ್ಟೆಗೆ ತಾನೇ ಕಲ್ಲು ಹಾಕಿಕೊಳ್ಳುತ್ತಾನೆ? ಸಿದ್ದಕ್ಕ ಸೆರಗಿನ ತುದಿಯನ್ನು ಬಾಯಿಗೆ ಒತ್ತಿಕೊಂಡಿದ್ದಳು.

ಲಗಮಣ್ಣ ಅಂಗೈ ಚಾಚಿದ. ಅಮಸಿದ್ದಪ್ಪ ಅದಕ್ಕೆ ಭಂಡಾರ ಸುರಿದ.

“ಹಾಕಿದಾಂವ ನಾನ. ಸುಟ್ಟ ಆಯಿಲ್ ನಾನ ಹಾಕೇನಿ, ನನ್ನ ಕೈಯಾರೆ, ಗೊತ್ತಿದ್ದ ಗೊತ್ತಿದ್ದ ಹಾಕೇನಿ. ನೆಟ್ಟನ ರಸ್ತಿಗೆ ಬಂದಿದ್ರ ಅಂವ ಮನಿ ಮುಟ್ಟತಿದ್ದ. ಕಳ್ಳದಾರಿಗೆ ಹೊಳ್ಳಿದ, ಸಿಕ್ಕೊಂಡ. ಹೊಳ್ಳಲಿ ಅಂತನ ಹಾಕಿದ್ದೆ.”

ಗೂಳಪ್ಪನ ಮುಖ ಅರಳುತ್ತಿತ್ತು. ಲಗಮಣ್ಣ ಅವನ ಕಡೆ ತಿರುಗಿದ.

“ನಂದು ಆತು. ಈಗ ಇದ ಭಂಡಾರ ಇವನ ಕೈಯಾಗ ಹಾಕ್ರಿ. ತೊಂಬತ್ತೊಂಬತ್ತರಾಗ ಡೀಸೆಲ್ ಕದ್ದಾಂವ ನಾ ಅಲ್ಲ ಅಂತ ಇನ್ನೊಮ್ಮೆ ಹೇಳ್ಲಿ. ಹಟ್ಟಿಹಬ್ಬದ ಮಟಾ ಎಲ್ಲಾರೂ ಕಾಯೋಣು.”

ಹಟ್ಟಿಹಬ್ಬ ಎನ್ನುವಾಗ ಅವನು ಗೂಳಪ್ಪನನ್ನು ನೋಡಲಿಲ್ಲ, ಹೆಂಗಸರ ನಡುವೆ ಕುಳಿತ ಶೈಲಾಳ ಹೊಟ್ಟೆಯನ್ನು ನೋಡಿದ. ಬೇಕೆಂದೇ ನೋಡಿದ. ಎಲ್ಲರಿಗೂ ಕಾಣುವಂತೆ ನೋಡಿದ. ಅದು ಕ್ರೂರವಾಗಿತ್ತು, ಅವನಿಗೂ ಗೊತ್ತಿತ್ತು; ಆದರೆ ತಾಯಿಯ ಹೆಣದ ಮುಂದೆ ನಿಂತು ಜನರನ್ನು ನಗಿಸಿದವನ ಮೇಲೆ ಅವನಲ್ಲಿ ಉಳಿದಿದ್ದ ಕರುಣೆ ಅಷ್ಟೇ.

ಗೂಳಪ್ಪ ಚಾಚಲು ಕೈ ಎತ್ತಿದ. ಒಂದು ಮನೆಗೆ ಕೇಡು ಬರಲು ದೇವರೇ ಬೇಕಿಲ್ಲ, ಕೆಟ್ಟ ನೀರು ಸಾಕು ಎಂಬುದು ಆ ಊರಿನಲ್ಲಿ ಅವನಷ್ಟು ಚೆನ್ನಾಗಿ ಯಾರಿಗೂ ಗೊತ್ತಿರಲಿಲ್ಲ. ಹೆರಿಗೆಗೆ ಇನ್ನೆಷ್ಟು ದಿನ? ಕೈ ಗಾಳಿಯಲ್ಲೇ ನಿಂತಿತು.

“ಯಪ್ಪಾ!” ಶೈಲಾ ಎರಡೂ ಕೈಯಿಂದ ಹೊಟ್ಟೆ ಹಿಡಿದುಕೊಂಡು ಕೂಗಿದಳು. “ಮುಟ್ಟಬ್ಯಾಡೋ ಯಪ್ಪಾ! ನಿನ್ನ ಕಾಲಿಗೆ ಬೀಳ್ತೇನಿ, ಮುಟ್ಟಬ್ಯಾಡೋ!”

ಸತ್ಯ ಹೇಳುವ ಅಪ್ಪನಾಗಿದ್ದರೆ ಮಗಳು ಯಾಕೆ ಹೆದರಬೇಕು? ಇಡೀ ಕಟ್ಟೆಗೆ ಅದು ಒಂದೇ ಸಲಕ್ಕೆ ತಿಳಿಯಿತು. ಗೂಳಪ್ಪನ ಕೈ ಕೆಳಗಿಳಿಯಿತು.

“ಆವಾಗನೂ ನಾನ ಕದ್ದಿದ್ದೆ” ಅಂದ.

ಅಮಸಿದ್ದಪ್ಪ ಗುಡಿಯ ಕಂಬ ಹಿಡಿದು ಕುಳಿತುಬಿಟ್ಟ. ಚೀಲ ಬಿಚ್ಚದ ತನ್ನ ಕೈಯನ್ನೇ ಮುದುಕ ನೋಡಿಕೊಳ್ಳುತ್ತಿದ್ದ. ಲಗಮಣ್ಣ ಅವನಿಗೆ ಸಮಾಧಾನ ಹೇಳಲಿಲ್ಲ.

“ಏಳ್ರಿ ಕಾಕಾ, ಚೀಲಾ ತುಗೋರಿ. ನೀರ ಇಳದೈತಿ. ಹಳೇ ಊರಿಗೆ ಹೋಗೋಣ ನಡೀರಿ. ಗೂಳ್ಯಾ, ನೀನೂ ನಡಿ.”

ಬೇಸಿಗೆಯಲ್ಲಿ ಹಿನ್ನೀರು ಸರಿದಾಗ ಹಳೇ ಊರು ಮೇಲೆ ಬರುತ್ತದೆ. ಬಿರಿದ ಕೆಸರಿನ ಮೇಲೆ ಗೋಡೆಗಳ ಬುಡ, ಬಾವಿಯ ಕಲ್ಲು, ಶಂಖದ ಹುಳುಗಳ ಚಿಪ್ಪು. ಇಡೀ ಊರು ಬಿಸಿಲಲ್ಲಿ ಹಿಂದೆ ನಡೆಯಿತು. ಕೊಳೆತ ಬೇವಿನ ಮೋಟು ಇನ್ನೂ ಉಳಿದಿತ್ತು. ಗೂಳಪ್ಪ ಅದರ ಬುಡದಲ್ಲಿ ಮೊಣಕಾಲೂರಿ, ಬೊಗಸೆತುಂಬ ಭಂಡಾರ ಹಿಡಿದ.

“ಬಾಯಿ ಬಿಟ್ಟ ಹೇಳು” ಅಂದ ಲಗಮಣ್ಣ. “ಆವತ್ತ ಹೇಳಿದ್ಯಲ್ಲ, ಹಂಗ. ಎಲ್ಲಾರಿಗೂ ಕೇಳೂ ಹಂಗ.”

“ಅತ್ತೀ… ಸುಳ್ಳ ಆಣಿ ಮಾಡಿದಾಂವ ನಾನು. ನಿನ್ನ ಮಗಾ ಅಲ್ಲ.” ದನಿ ಒಡೆದು ಗೂಳಪ್ಪ ಅತ್ತ. ಹಳದಿ ಪುಡಿ ಬಿರುಕುಗಳೊಳಗೆ ಇಳಿಯಿತು. ಕೆಲವು ಹೆಂಗಸರು ಕಣ್ಣೊರೆಸಿಕೊಂಡರು, ಸಿದ್ದಕ್ಕ ಬಿಕ್ಕಿಬಿಕ್ಕಿ ಅತ್ತಳು. ಲಗಮಣ್ಣ ಅಳಲಿಲ್ಲ. ಅವನ ಮನಸ್ಸು ಕರಗಿತು ಎಂದು ಬರೆದರೆ ಸುಳ್ಳಾಗುತ್ತದೆ. ಗೂಳಪ್ಪ ಅಳುವುದನ್ನು ಅವನು ಕಣ್ಣುತುಂಬ ನೋಡಿದ, ಮುಗಿಯುವವರೆಗೂ ನೋಡಿದ, ಅವನ ಹೊಟ್ಟೆ ತಣ್ಣಗಾಯಿತು.

ಮರುದಿನ ಶೆಡ್ಡಿನ ಬಾಗಿಲು ತೆಗೆದ. ಲಾರಿಗಳು ಹೋದವು, ಬಂದವು. ಗುರುತಿನ ಚಾಲಕರು ಕೈಯೆತ್ತಿ, “ಆರಾಮೇನ್ರಿ ಲಗಮಣ್ಣಾರ” ಎಂದು ಹಿಂದೆಂದೂ ಇಲ್ಲದ ಮರ್ಯಾದೆಯಿಂದ ಮಾತಾಡಿಸಿ, ಗಾಡಿ ನಿಲ್ಲಿಸದೆ ಮುಂದೆ ಹೋಗಿ, ಬಣ್ಣದ ಆಯಿಲ್ ಮಾರುವವನ ಗುಂಡಿಯ ಮೇಲೆ ನಿಲ್ಲಿಸಿದರು. ವಾರ ಕಳೆದರೂ ಹಾಗೇ. ಒಂದು ಸಂಜೆ ಧರ್ಮರಾಜ ಸಾವಕಾರರು ಜೀಪು ನಿಲ್ಲಿಸಿ ಇಳಿದರು.

“ಇಂಜಿನ್ ಹೋತಂತ ಕೇಳಾಕ ಬಂದಿಲ್ಲಪಾ. ಆವತ್ತ ನಿನ್ನ ಮಾತ ನಂಬಲಿಲ್ಲ, ನಂದ ತಪ್ಪಾತು. ಇನ್ನ ಮ್ಯಾಲ ನೀ ಏನ್ ಹೇಳಿದ್ರೂ ನಂಬತೇನಿ. ಆದ್ರ ಲಗಮಣ್ಣ, ನಿನ್ನ ಆಯಿಲ್ ಹೆಂಗ ನಂಬ್ಲಿ?”

“ಬ್ಯಾಡ್ರಿ ಸಾವಕಾರ್ರ” ಅಂದ ಲಗಮಣ್ಣ. “ನಂಬಬ್ಯಾಡ್ರಿ. ನಾನೂ ನಂಬತಿದ್ದಿಲ್ಲ.”

ಉಳಿದ ಆಯಿಲ್ ಡಬ್ಬಿಗಳನ್ನು ತಂದುಕೊಟ್ಟವರಿಗೇ ಹಿಂತಿರುಗಿಸಿದ. ಆಮೇಲೆ ಮುಧೋಳದಿಂದ ಬೋರ್ಡು ಬರೆಯುವವನನ್ನು ಕರೆಸಿದ. ಹಳೆಯ ಅಕ್ಷರ ಅಳಿಸಿ ‘ಲಗಮಣ್ಣ, ಸಾತವ್ವನ ಮಗ’ ಎಂದು ಬರೆಯಲು ಹೇಳಿದ. ಬರೆದು ಮುಗಿಸಿ ಅವನು, ಕೆಳಗೆ ಏನು ವ್ಯಾಪಾರ ಎಂದು ಬರೆಯಲಿ ಎಂದು ಕೇಳಿದ.

“ಏನೂ ಬ್ಯಾಡ” ಅಂದ ಲಗಮಣ್ಣ. “ಹೆಸರಷ್ಟ ಇರ್ಲಿ.”

ಸಿದ್ದಕ್ಕ ಶೆಡ್ಡಿನ ಸಾಮಾನು ಗಂಟು ಕಟ್ಟುತ್ತಿದ್ದಳು. ಮರುದಿನದಿಂದ ಅವಳ ಅಣ್ಣನ ಕುರಿ ಕಾಯಲು ಹೋಗುವುದಿತ್ತು. ಲಗಮಣ್ಣ ಖಾಲಿ ಗುಂಡಿಯ ಅಂಚಿನಲ್ಲಿ ಕುಳಿತು, ಬೋರ್ಡಿನ ಬಣ್ಣ ಒಣಗುವವರೆಗೂ ಅದನ್ನೇ ನೋಡಿದ.